ಓದುಗರ ಪ್ರಶ್ನೆ: ಎಮ್ಯಾನುಯೆಲ್ ರಿವಾ ಅರ್ಧ ಶತಮಾನ ಎಲ್ಲಿದ್ದರು?

ಪ್ರಶ್ನೆ: ನಮ್ಮೂರಿನ ಗ್ರಂಥಾಲಯದಲ್ಲಿ ‘ಅಮೂರ್’ ಎಂಬ ಫ್ರೆಂಚ್ ಚಿತ್ರವನ್ನು ಮಲಯಾಳ ಅಡಿಬರಹದೊಂದಿಗೆ ತೋರಿಸಿದರು. ಅದರಲ್ಲಿ ಪಾರ್ಶ್ವವಾಯು ಬಡಿದ ವೃದ್ಧೆಯ ಪಾತ್ರ ಮಾಡಿದ ಎಮ್ಯಾನುಯೆಲ್ ರಿವಾ ಅವರೇ 1959ರ ‘ಹಿರೋಶಿಮಾ ಮೊನಾಮೂರ್’ ಚಿತ್ರದ ನಾಯಕಿ ಎಂದು ತಿಳಿದು ಬೆರಗಾಯಿತು. ನಡುವಿನ ಐವತ್ತು ವರ್ಷ ಅವರಿಗೆ ಅವಕಾಶ ಸಿಗಲಿಲ್ಲವೇ, ಅಥವಾ ಅವರೇ ನಟನೆ ಬಿಟ್ಟಿದ್ದರೇ?
– ಓದುಗರೊಬ್ಬರು, ಬದಿಯಡ್ಕ, ಕಾಸರಗೋಡು ಜಿಲ್ಲೆ

ಉತ್ತರ: ಎರಡೂ ಅಲ್ಲ. ರಿವಾ ನಟನೆಯನ್ನು ಬಿಟ್ಟದ್ದೇ ಇಲ್ಲ. ನಮ್ಮ ಕಣ್ಣಿಗೆ ಬೀಳದ ಕಡೆ, ಮುಖ್ಯವಾಗಿ ರಂಗಭೂಮಿಯಲ್ಲಿ, ನಟಿಸುತ್ತಲೇ ಇದ್ದರು.

ಅವರು ಹುಟ್ಟಿದ್ದು 1927ರ ಫೆಬ್ರವರಿ 24ರಂದು, ಪೂರ್ವ ಫ್ರಾನ್ಸಿನ ಶೆನಿಮೆನಿಲ್ ಎಂಬ ಊರಿನ ಒಂದು ಶ್ರಮಿಕ ಕುಟುಂಬದಲ್ಲಿ. ಹೊಲಿಗೆಯ ಕೆಲಸ ಮಾಡಿಕೊಂಡು ಹವ್ಯಾಸಿ ನಾಟಕಗಳಲ್ಲಿ ಪಾತ್ರ ವಹಿಸುತ್ತಿದ್ದ ರಿವಾ, ಇಪ್ಪತ್ತೈದು ದಾಟಿದ ಮೇಲೆ ಪ್ಯಾರಿಸ್ಸಿಗೆ ಹೋಗಿ ಅಭಿನಯ ಕಲಿತರು. ಹಗಲು ತೋಟದಲ್ಲೋ ಶಾಲೆಯಲ್ಲೋ ದುಡಿದು ರಾತ್ರಿ ಬಯಲಾಟಕ್ಕೆ ವೇಷ ಕಟ್ಟುವವರನ್ನು ನಿಮ್ಮ ಸೀಮೆಯಲ್ಲಿ ಕಂಡಿರುವ ನಿಮಗೆ ಇಂಥ ಬದುಕು ಅಪರಿಚಿತವಲ್ಲ.

ಅಲೆನ್ ರೆನೆ ನಿರ್ದೇಶಿಸಿದ, ಮಾರ್ಗರಿತ್ ದ್ಯುರಾಸ್ ಚಿತ್ರಕಥೆ ಬರೆದ ‘ಹಿರೋಶಿಮಾ ಮೊನಾಮೂರ್’ ಅವರನ್ನು ಒಮ್ಮೆಗೇ ಲೋಕಪ್ರಸಿದ್ಧರನ್ನಾಗಿಸಿತು. ಎದುರಿನ ಜಪಾನೀ ನಟ ಐಜಿ ಒಕಾಡಾ ಅವರಿಗೆ ಫ್ರೆಂಚ್ ಬರುತ್ತಿರಲಿಲ್ಲ. ಅವರು ಸಂಭಾಷಣೆಯ ಉಚ್ಚಾರವನ್ನಷ್ಟೇ ಬಾಯಿಪಾಠ ಮಾಡಿ ನುಡಿಯುತ್ತಿದ್ದರು ಎಂಬುದನ್ನು ನೆನೆದರೆ, ಆ ಚಿತ್ರದ ಆಪ್ತತೆಯಲ್ಲಿ ರಿವಾ ಹೊತ್ತ ಭಾರವೆಷ್ಟೆಂದು ಅರ್ಥವಾಗುತ್ತದೆ. ಚಿತ್ರೀಕರಣಕ್ಕೆಂದು 1958ರಲ್ಲಿ ಹಿರೋಶಿಮಾದಲ್ಲಿದ್ದಾಗ ಅವರು ಅಲ್ಲಿನ ಬೀದಿಗಳನ್ನೂ ಮಕ್ಕಳನ್ನೂ ತಮ್ಮ ಕ್ಯಾಮೆರಾದಲ್ಲಿ ಸೆರೆಹಿಡಿದಿದ್ದರು. ಆ ಛಾಯಾಚಿತ್ರಗಳು ಪುಸ್ತಕವಾದದ್ದು ಸುಮಾರು ಅರ್ಧ ಶತಮಾನದ ಬಳಿಕ.

ಮುಂದಿನ ಮೂರು ವರ್ಷಗಳು ಸಮೃದ್ಧ. ಇಟಲಿಯ ನಿರ್ದೇಶಕ ಪೊಂಟೆಕೋರ್ವೋ ಅವರ ‘ಕಾಪೋ’ ಚಿತ್ರದಲ್ಲಿ ರಿವಾ ಅವರ ಪಾತ್ರ ನಾಜಿ ಯಾತನಾಶಿಬಿರದ ವಿದ್ಯುತ್ ತಂತಿಗೆ ಬಿದ್ದು ಸಾಯುತ್ತದೆ. ಆ ಕ್ಷಣದಲ್ಲಿ ಕ್ಯಾಮೆರಾ ಮುಂದೆ ಸರಿದು ಮೃತದೇಹವನ್ನು ಅಂದವಾಗಿ ಚೌಕಟ್ಟಿನೊಳಗೆ ಕೂರಿಸುವುದನ್ನು ಫ್ರೆಂಚ್ ವಿಮರ್ಶಕ ಜಾಕ್ ರಿವೆತ್ 1961ರಲ್ಲಿ ಕಟುವಾಗಿ ಖಂಡಿಸಿ ಬರೆದ ಲೇಖನ ಇಂದಿಗೂ ಚರ್ಚೆಯಲ್ಲಿದೆ. ಅಲ್ಲಿ ಆಕ್ಷೇಪವಿದ್ದದ್ದು ನಿರ್ದೇಶಕರ ಬಗ್ಗೆಯೇ ಹೊರತು ನಟಿಯ ಬಗ್ಗೆಯಲ್ಲ. ಅದೇ ವರ್ಷ ಫ್ರೆಂಚ್ ನಿರ್ದೇಶಕ ಮೆಲ್ವಿಲ್ ಅವರ ಚಿತ್ರವೊಂದರಲ್ಲಿ, ನಟ ಬೆಲ್ಮೊಂಡೋ ನಟಿಸಿದ ಯುವ ಪಾದ್ರಿಯೊಡನೆ ವಾದಕ್ಕಿಳಿಯುವ ನಾಸ್ತಿಕ ವಿಧವೆಯಾದರು. ಗಂಡನಿಗೆ ವಿಷವಿಡುವ ಗೃಹಿಣಿಯಾಗಿ ನಟಿಸಿದ ‘ತೆರೇಸ್ ದೆಸ್ಕೆರೂ’ (1962) ಅವರಿಗೆ ವೆನಿಸ್ ಉತ್ಸವದ ಶ್ರೇಷ್ಠ ನಟಿ ಪ್ರಶಸ್ತಿ ತಂದಿತು. ನನ್ನ ಮಟ್ಟಿಗೆ ಅವರ ಅತ್ಯುತ್ತಮ ಅಭಿನಯವೂ ಅದೇ.

ಅಲ್ಲಿಂದಾಚೆಗೆ, ಕೇವಲ ಹಣಕ್ಕಾಗಿ ಮಾಡಬೇಕಾದ ಪಾತ್ರಗಳನ್ನು ಅವರು ಒಪ್ಪಲಿಲ್ಲ. ಒಪ್ಪದವರನ್ನು ಚಿತ್ರೋದ್ಯಮ ಬಹಳ ಕಾಲ ಕೇಳುತ್ತಾ ಕೂರುವುದಿಲ್ಲ. ಅವರು ನಾಟಕಗಳಲ್ಲಿ ತೊಡಗಿದರು, ಕವಿತೆ ಬರೆದು ಪ್ರಕಟಿಸಿದರು, ಬೆಲೋಕ್ಕಿಯೋ, ಗಾರೆಲ್ ಮೊದಲಾದ ನಿರ್ದೇಶಕರ ಚಿತ್ರಗಳಲ್ಲಿ ಕಾಣಿಸಿಕೊಂಡರು. ಕೀಸ್ಲೋವ್‌ಸ್ಕಿಯವರ ‘ತ್ರೀ ಕಲರ್ಸ್: ಬ್ಲೂ’ (1993) ನೋಡಿದ್ದರೆ, ಮಗಳ ಗುರುತು ಹಿಡಿಯದ ಮರೆವಿನ ತಾಯಿ ನೆನಪಿರಬಹುದು, ಆಕೆ ರಿವಾ.

ಆದ್ದರಿಂದ ‘ಅಮೂರ್’ (2012) ಅನ್ನು ಅವರ ಪುನರಾಗಮನವೆಂದು ಕರೆಯುವುದನ್ನು ನಾನು ಒಪ್ಪಲಾರೆ. ಉಪಾಹಾರದ ಮೇಜಿನಲ್ಲಿ ಅವರು ಇದ್ದಕ್ಕಿದ್ದಂತೆ ಸ್ತಬ್ಧರಾಗುವ, ಎಚ್ಚೆತ್ತ ಬಳಿಕ ಚಹಾ ಸುರಿಯುವಾಗ ಕೈ ಗುರಿ ತಪ್ಪುವ ದೃಶ್ಯವನ್ನು ಮತ್ತೊಮ್ಮೆ ಗಮನಿಸಿ. ಮುಖದಲ್ಲಿ ನೋವಿನ ಸುಳಿವಿಲ್ಲ, ಕಣ್ಣುಗಳು ಮಾತ್ರ ಖಾಲಿ. ದಶಕಗಳ ಸತತ ಸಾಧನೆಯಿಲ್ಲದೆ ಅಂಥ ಸಂಯಮ ಬರುವುದಿಲ್ಲ. ಆ ಪಾತ್ರಕ್ಕೆ ಬ್ರಿಟನ್ನಿನ ಬಾಫ್ಟಾ ಮತ್ತು ಫ್ರಾನ್ಸಿನ ಸೀಸರ್ ಪ್ರಶಸ್ತಿಗಳು ಬಂದವು. ಎಂಬತ್ತೈದನೆಯ ವಯಸ್ಸಿನಲ್ಲಿ ಶ್ರೇಷ್ಠ ನಟಿ ವಿಭಾಗದ ಆಸ್ಕರ್‌ಗೆ ನಾಮನಿರ್ದೇಶನಗೊಂಡದ್ದು ದಾಖಲೆಯಾಯಿತು. ಸಮಾರಂಭ ನಡೆದದ್ದು ಅವರ ಎಂಬತ್ತಾರನೆಯ ಹುಟ್ಟುಹಬ್ಬದಂದೇ, ಆದರೆ ಪ್ರಶಸ್ತಿ ಜೆನ್ನಿಫರ್ ಲಾರೆನ್ಸ್ ಪಾಲಾಯಿತು. 2014ರಲ್ಲಿ ರಿವಾ ಪ್ಯಾರಿಸ್ಸಿನ ರಂಗಕ್ಕೆ ಮರಳಿ ದ್ಯುರಾಸ್ ಅವರದೇ ನಾಟಕವೊಂದರಲ್ಲಿ ಅಭಿನಯಿಸಿದರು. 2017ರ ಜನವರಿ 27ರಂದು ನಿಧನರಾದರು.

ಇನ್ನು ಅವರ ಚಿತ್ರಗಳನ್ನು ಹುಡುಕಿ ನೋಡುವುದಾದರೆ ‘ತೆರೇಸ್ ದೆಸ್ಕೆರೂ’ದಿಂದ ತೊಡಗಿ. ‘ಹಿರೋಶಿಮಾ’ದಲ್ಲಿ ನಿರ್ದೇಶಕರ ಕೈಚಳಕವೇ ಎದ್ದು ಕಾಣುತ್ತದೆ, ಇಲ್ಲಿ ಇಡೀ ಕಥೆ ರಿವಾ ಅವರ ಮುಖದ ಮೇಲೆಯೇ ನಡೆಯುತ್ತದೆ.