ಹಾಲಿವುಡ್ ಸ್ಟುಡಿಯೋಗಳು ಅಷ್ಟು ಬಲಿತದ್ದು ಹೇಗೆ?
ಒಳ್ಳೆ ಸಿನಿಮಾ ತೆಗೆದಿದ್ದರಿಂದ ಅನ್ನೋದು ಅರ್ಧ ಸತ್ಯ. ಬೀಗದಕೈ ಇದ್ದದ್ದು ಹಂಚಿಕೆ ಮತ್ತು ಥಿಯೇಟರ್‌ಗಳಲ್ಲಿ.

1908ರಲ್ಲಿ ಎಡಿಸನ್ ಬಳಗದ ಪೇಟೆಂಟ್ ಕೂಟ ಕ್ಯಾಮೆರಾ, ಪ್ರೊಜೆಕ್ಟರ್, ಕಚ್ಚಾ ಫಿಲ್ಮ್ ಮೂರನ್ನೂ ಹಿಡಿತಕ್ಕೆ ತಂದುಕೊಂಡಿತ್ತು. 1915ರಲ್ಲಿ ಕೋರ್ಟು ಅದು ಕಾನೂನುಬಾಹಿರ ಅಂದಿತು. ಮರುವರ್ಷವೇ ನಿರ್ಮಾಪಕ ಅಡಾಲ್ಫ್ ಜ್ಯೂಕರ್ ತಮ್ಮ ಚಿತ್ರನಿರ್ಮಾಣ ಕಂಪನಿಯನ್ನು ಜೆಸ್ಸಿ ಲಾಸ್ಕಿಯವರದ್ದರ ಜೊತೆ ಸೇರಿಸಿ, ಹಂಚಿಕೆ ಸಂಸ್ಥೆ ಪ್ಯಾರಾಮೌಂಟನ್ನೂ ವಶಕ್ಕೆ ತೆಗೆದುಕೊಂಡರು.

ಅವರ ಅಸಲಿ ಪಟ್ಟು ಬ್ಲಾಕ್ ಬುಕಿಂಗ್. ಜನ ಮುಗಿಬೀಳುವ ತಾರೆಯ ಒಂದು ಚಿತ್ರ ಬೇಕೆಂದರೆ, ಥಿಯೇಟರ್ ಮಾಲೀಕ ಅದರ ಜೊತೆಗೆ ಹೆಸರೇ ಕೇಳದ ಹತ್ತಾರು ಚಿತ್ರಗಳನ್ನೂ, ಎಷ್ಟೋ ಸಲ ಇನ್ನೂ ಶೂಟಿಂಗೇ ಆಗದವನ್ನೂ, ಕಣ್ಣುಮುಚ್ಚಿ ಕೊಳ್ಳಬೇಕು. ಗೋಧಿಯ ಜೊತೆ ಹೊಟ್ಟನ್ನೂ ಅದೇ ತೂಕಕ್ಕೆ ಮಾರಿದ ಹಾಗೆ! ನಷ್ಟದ ಅಪಾಯವೆಲ್ಲ ಮಾಲೀಕನ ತಲೆಗೆ.

ರೊಚ್ಚಿಗೆದ್ದ ಮಾಲೀಕರು 1917ರಲ್ಲಿ ಫಸ್ಟ್ ನ್ಯಾಷನಲ್ ಎಂಬ ತಮ್ಮದೇ ಹಂಚಿಕೆ ಸಂಸ್ಥೆ ಕಟ್ಟಿ, ಚಾಪ್ಲಿನ್‌ರನ್ನು 10 ಲಕ್ಷ ಡಾಲರ್ ಒಪ್ಪಂದಕ್ಕೆ ಸೆಳೆದರು. ಜ್ಯೂಕರ್ 1919ರಿಂದ ಥಿಯೇಟರ್‌ಗಳನ್ನೇ ಕೊಳ್ಳತೊಡಗಿದರು. ಮುಂದೆ ಐದು ದೊಡ್ಡ ಸ್ಟುಡಿಯೋಗಳ ಕೈಲಿದ್ದದ್ದು ದೇಶದ ಥಿಯೇಟರ್‌ಗಳಲ್ಲಿ ಸಣ್ಣ ಪಾಲು ಮಾತ್ರ. ಆದರೆ ಅವು ದೊಡ್ಡ ನಗರಗಳ, ಹೊಸ ಚಿತ್ರ ಮೊದಲು ತೆರೆಕಾಣುವ ಥಿಯೇಟರ್‌ಗಳು. ಹೆಚ್ಚಿನ ದುಡ್ಡು ಹುಟ್ಟುತ್ತಿದ್ದದ್ದೇ ಅಲ್ಲಿ. ಈ ಗಂಟು ಬಿಚ್ಚಲು 1948ರ ಸುಪ್ರೀಂ ಕೋರ್ಟ್ ತೀರ್ಪೇ ಬರಬೇಕಾಯಿತು.