ಏನು ಮಾತಾಡಲಿ ಎಂಬ ಅಳುಕಿಗೆ ಹೋಗದೇ ಇರಬೇಡಿ

ಕೊನೆಯ ಹಂತದ ಕ್ಯಾನ್ಸರ್ ಇರುವ ಗೆಳೆಯನ ಬಳಿ ಏನು ಮಾತಾಡಬೇಕೋ ತಿಳಿಯದೆ ಹೋಗಲು ಹಿಂಜರಿಯುತ್ತಿದ್ದೇನೆ ಅಂದಿದ್ದೀರಿ. ದಯವಿಟ್ಟು ಹೋಗಿ. ಎಷ್ಟೋ ಜನ ದೂರವಾಗುವುದು ಇದೇ ಅಳುಕಿನಿಂದ. ಮಲಗಿರುವವನಿಗೆ ಮಾತ್ರ ಎಲ್ಲರೂ ಕೈಬಿಟ್ಟರು ಅನ್ನಿಸುತ್ತದೆ. ‘ಎಲ್ಲಾ ವಾಸಿಯಾಗುತ್ತೆ’ ಅನ್ನಬೇಡಿ, ಆ ಮಾತು ಅವನ ಬಾಯಿ ಕಟ್ಟಿಬಿಡುತ್ತದೆ. ‘ಇವತ್ತು ಹೇಗಿದ್ದೀಯ?’ ಅಂತ ಕೇಳಿ. ಸಾವಿನ ಮಾತೆತ್ತಿದರೆ ವಿಷಯ ಬದಲಿಸದೆ ಕೇಳಿಸಿಕೊಳ್ಳಿ. ಸುಮ್ಮನೆ ಪಕ್ಕದಲ್ಲಿ ಕೂತರೂ ಆದೀತು. 1967ರಲ್ಲಿ ಲಂಡನ್ನಿನಲ್ಲಿ ಸೇಂಟ್ ಕ್ರಿಸ್ಟೋಫರ್ಸ್ ಹಾಸ್ಪೈಸ್ (ಕೊನೆಗಾಲದ ರೋಗಿಗಳನ್ನು ಆರೈಕೆ ಮಾಡುವ ಮನೆ) ತೆರೆದ ವೈದ್ಯೆ ಸಿಸಿಲಿ ಸಾಂಡರ್ಸ್, ದೇಹದ ನೋವಿನ ಜೊತೆ ಮನಸ್ಸಿನ, ಸಂಬಂಧಗಳ ನೋವನ್ನೂ ಸೇರಿಸಿಯೇ ನೋಡುತ್ತಿದ್ದರು. ಮೈನೋವು ಹೆಚ್ಚಿದ್ದರೆ ಪ್ಯಾಲಿಯೇಟಿವ್ ಕೇರ್ (ನೋವು, ಸಂಕಟ ತಗ್ಗಿಸುವ ಆರೈಕೆ) ವೈದ್ಯರನ್ನು ಕಾಣಲು ಮನೆಯವರಿಗೆ ಹೇಳಿ. ಬೇರೆ ಚಿಕಿತ್ಸೆ ನಡೆಯುತ್ತಿರುವಾಗಲೂ ಅದನ್ನು ಶುರುಮಾಡಬಹುದು. ಹೊರಡುವಾಗ ಮತ್ತೆ ಯಾವ ದಿನ ಬರ್ತೀರಿ ಅಂತ ಹೇಳಿ, ಆ ದಿನ ತಪ್ಪದೇ ಹೋಗಿ.