ರೇಡಿಯೋಹೆಡ್ ತಂಡದ ಗಿಟಾರ್ ವಾದಕ ಜಾನಿ ಗ್ರೀನ್‌ವುಡ್ ಅವರ ಜೀವನ ಮತ್ತು ಸಂಗೀತಯಾನದ ಬಗ್ಗೆ ತಿಳಿಸುವಿರಾ?

ಜಾನಿ ಗ್ರೀನ್‌ವುಡ್ 1971ರ ನವೆಂಬರ್ 5ರಂದು ಇಂಗ್ಲೆಂಡಿನ ಆಕ್ಸ್‌ಫರ್ಡ್‌ನಲ್ಲಿ ಜನಿಸಿದರು. ಅಬಿಂಗ್ಡನ್ ಶಾಲೆಯಲ್ಲಿದ್ದಾಗ, ಅಣ್ಣ ಕಾಲಿನ್ ಮತ್ತು ಗಾಯಕ ಥಾಮ್ ಯಾರ್ಕ್ ಇದ್ದ, ಮುಂದೆ ರೇಡಿಯೋಹೆಡ್ ಎಂದು ಹೆಸರಾದ ರಾಕ್ ತಂಡಕ್ಕೆ ಎಲ್ಲರಿಗಿಂತ ಕಿರಿಯರಾಗಿ ಸೇರಿದ ಅವರು, 1991ರಲ್ಲಿ ತಂಡಕ್ಕೆ ಇಎಂಐ ಎಂಬ ಧ್ವನಿಮುದ್ರಣ ಸಂಸ್ಥೆಯೊಂದಿಗೆ ಒಪ್ಪಂದವಾದಾಗ ಕಾಲೇಜು ಬಿಟ್ಟರು.

ತಂಡದ 1992ರ ‘ಕ್ರೀಪ್’ ಹಾಡಿನಲ್ಲಿ ಪಲ್ಲವಿಗೆ ಮುನ್ನ ಕೇಳಿಬರುವ ಕರ್ಕಶ ಗಿಟಾರ್ ಹೊಡೆತಗಳು ಅವರವೇ. ಹಾಡು ತೀರಾ ಮೆದುವಾಯಿತೆಂಬ ಅಸಮಾಧಾನದಿಂದ ನುಡಿಸಿದ ಆ ಸದ್ದೇ ಹಾಡಿನ ಗುರುತಾಯಿತು. ಆದರೆ ಅವರನ್ನು ಗಿಟಾರ್ ವಾದಕರೆಂದಷ್ಟೇ ಕರೆಯುವುದು ನನಗೆ ಸರಿಯೆನಿಸದು. ಬಾಲ್ಯದಲ್ಲಿ ಪಿಟೀಲನ್ನು ಹೋಲುವ ವಯೋಲಾ ವಾದ್ಯ ಕಲಿತಿದ್ದ, ಫ್ರೆಂಚ್ ಸಂಯೋಜಕ ಮೆಸಿಯಾನ್ ಅವರ ಕೃತಿಗಳಿಗೆ ಮನಸೋತಿದ್ದ ಅವರು, 2000ದ ‘ಕಿಡ್ ಎ’ ಆಲ್ಬಂನಲ್ಲಿ ಗಿಟಾರನ್ನು ಬಹುಮಟ್ಟಿಗೆ ಬದಿಗಿಟ್ಟು, ಒಂಡ್ ಮಾರ್ತನೋ ಎಂಬ ಹಳೆಯ ವಿದ್ಯುನ್ಮಾನ ವಾದ್ಯವನ್ನೂ ತಂತಿವಾದ್ಯಗಳ ಮೇಳವನ್ನೂ ರಾಕ್ ಸಂಗೀತದೊಳಕ್ಕೆ ತಂದರು.

‘ದೇರ್ ವಿಲ್ ಬಿ ಬ್ಲಡ್’ (2007) ಚಿತ್ರದಿಂದ ನಿರ್ದೇಶಕ ಪಾಲ್ ಥಾಮಸ್ ಆಂಡರ್ಸನ್ ಅವರೊಂದಿಗಿನ ಒಡನಾಟ ಆರಂಭವಾಯಿತು. ಅವರದೇ ‘ಫ್ಯಾಂಟಮ್ ಥ್ರೆಡ್’ ಚಿತ್ರದ ಸಂಗೀತ ಆಸ್ಕರ್‌ಗೆ ನಾಮನಿರ್ದೇಶನಗೊಂಡಿತು. ಜೋಧಪುರದ ಮೆಹ್ರಾನ್‌ಗಢ ಕೋಟೆಯಲ್ಲಿ ಇಸ್ರೇಲಿ ಸಂಗೀತಗಾರ ಶೈ ಬೆನ್ ತ್ಸೂರ್ ಹಾಗೂ ರಾಜಸ್ಥಾನಿ ಕಲಾವಿದರೊಡನೆ ಧ್ವನಿಮುದ್ರಿಸಿದ ‘ಜುನೂನ್’ (2015) ಆಲ್ಬಂನಲ್ಲಿ ಅವರ ಗಿಟಾರ್ ಮುನ್ನುಗ್ಗದೆ ಉಳಿದವರಿಗೆ ಜಾಗ ಬಿಡುತ್ತದೆ, ಅದನ್ನು ತಪ್ಪದೆ ಕೇಳಿ.